ಎಲ್ಲಿ ನಿಲ್ಲಬೇಕು, ಯಾವಾಗ ನಿಲ್ಲಬೇಕು: ಸುತ್ತೂರಿನ ಬಯಲಿನಲ್ಲಿ ನಿಸರ್ಗ ಛಾಯಾಗ್ರಹಣದ ಮೊದಲ ಪಾಠ

ನಿಸರ್ಗದ ಫೋಟೋ ತೆಗೆಯುವುದನ್ನು ಕಲಿಯಬೇಕೆಂದು ಬರುವವರು ಸಾಮಾನ್ಯವಾಗಿ ಮೊದಲು ಕೇಳುವುದು, ಎಲ್ಲಿಗೆ ಹೋಗಬೇಕು ಎಂದು. ಜೋಗ, ಆಗುಂಬೆ, ಮುಳ್ಳಯ್ಯನಗಿರಿಯ ಹೆಸರನ್ನು ಅವರೇ ಹೇಳುತ್ತಾರೆ. ನಾನು ಸುತ್ತೂರಿಗೆ ಬನ್ನಿ ಎನ್ನುತ್ತೇನೆ. ನಂಜನಗೂಡು ತಾಲ್ಲೂಕಿನಲ್ಲಿ ಕಪಿಲೆಯ (ಕಬಿನಿಯ) ದಂಡೆಯ ಮೇಲಿರುವ ಈ ಊರು ವೀರಸಿಂಹಾಸನ ಮಠದಿಂದಾಗಿ ನಾಡಿಗೆಲ್ಲ ಗೊತ್ತು. ಮಠ, ಹೊಳೆ, ಸುತ್ತಮುತ್ತ ಭತ್ತದ ಗದ್ದೆ, ಕಬ್ಬು, ಬಾಳೆ, ತೆಂಗು. ನೆಲ ಹೆಚ್ಚುಕಡಿಮೆ ಸಮತಟ್ಟು. ನೋಡಿದವರು ಅಬ್ಬಾ ಎನ್ನುವಂಥ ಬೆಟ್ಟವಿಲ್ಲ, ಜಲಪಾತವಿಲ್ಲ.

ಹೊಸಬರಿಗೆ ಇದೇ ಅನುಕೂಲ. ಜೋಗದ ಎದುರು ನಿಂತವರಿಗೆ ಅರ್ಧ ಕೆಲಸವನ್ನು ಜಲಪಾತವೇ ಮಾಡಿಕೊಡುತ್ತದೆ. ಚಿತ್ರ ಚೆನ್ನಾಗಿ ಬಂದರೆ ಅದು ತಮ್ಮಿಂದ ಬಂತೋ ಜೋಗದಿಂದ ಬಂತೋ ತಿಳಿಯುವುದಿಲ್ಲ. ಬಯಲಿನಲ್ಲಿ ಆ ಆಸರೆ ಸಿಗದು. ಬದುವಿನ ಮೇಲೆ ನಾಲ್ಕು ಹೆಜ್ಜೆ ಆಚೆ ನಿಂತರೆ ಚಿತ್ರವಿದೆ, ಈಚೆ ನಿಂತರೆ ಇಲ್ಲ. ಬೆಳಿಗ್ಗೆ ಏಳಕ್ಕೆ ಇದ್ದದ್ದು ಒಂಬತ್ತಕ್ಕೆ ಇರುವುದಿಲ್ಲ. ನಿಮ್ಮ ಒಂದೊಂದು ತೀರ್ಮಾನವೂ ಚಿತ್ರದಲ್ಲಿ ಎದ್ದು ಕಾಣುತ್ತದೆ. ಸಂಯೋಜನೆ ಎಂದರೆ ಎಲ್ಲಿ ನಿಲ್ಲಬೇಕೆಂಬ ತೀರ್ಮಾನ, ಬೆಳಕೆಂದರೆ ಯಾವಾಗ ನಿಲ್ಲಬೇಕೆಂಬ ತೀರ್ಮಾನ. ಮೊದಲ ವರ್ಷಕ್ಕೆ ನಿಮ್ಮ ಫೋನಿನ ಕ್ಯಾಮೆರಾ ಧಾರಾಳವಾಗಿ ಸಾಕು. ಲೆನ್ಸ್ ಕೊಳ್ಳುವ ಹಣದಲ್ಲಿ ಬೆಳಗಿನ ಮೊದಲ ಬಸ್ಸಿಗೆ ಬರುವ ಅಭ್ಯಾಸ ಮಾಡಿಕೊಳ್ಳಿ.

ಬೆಳಕಿನಿಂದ ಶುರುಮಾಡೋಣ. ಬೆಳಕಿಗೆ ಲೆಕ್ಕವಿದೆ, ಲೆಕ್ಕವನ್ನು ಮನೆಯಲ್ಲೇ ಕಲಿಯಬಹುದು.

ಸುತ್ತೂರು ಸುಮಾರು 12 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ. ನಮ್ಮ ಗಡಿಯಾರ ನಡೆಯುವುದು 82.5 ಡಿಗ್ರಿ ಪೂರ್ವ ರೇಖಾಂಶದ ಸಮಯಕ್ಕೆ, ಸುತ್ತೂರು ಇರುವುದು ಅದಕ್ಕಿಂತ ಸುಮಾರು ಆರು ಡಿಗ್ರಿ ಪಶ್ಚಿಮಕ್ಕೆ. ಹಾಗಾಗಿ ಸೂರ್ಯ ನೆತ್ತಿಯ ಹತ್ತಿರ ಬರುವುದು ಗಡಿಯಾರದ ಹನ್ನೆರಡಕ್ಕಲ್ಲ, ಸರಾಸರಿ 12.23ಕ್ಕೆ. ಫೆಬ್ರವರಿಯಲ್ಲಿ 12.37ರ ತನಕ ಹೋಗುತ್ತದೆ, ನವೆಂಬರ್ ಮೊದಲ ವಾರದಲ್ಲಿ 12.06ಕ್ಕೇ ಆಗಿಬಿಡುತ್ತದೆ. ಸೂರ್ಯೋದಯ ಜೂನ್ ಮೊದಲಲ್ಲಿ 6 ಗಂಟೆಗೆ ಕೆಲವೇ ನಿಮಿಷ ಮುಂಚೆ, ಜನವರಿ ಕೊನೆಯಲ್ಲಿ 6.48ರ ಸುಮಾರಿಗೆ. ಚಳಿಗಾಲದಲ್ಲಿ ಬೇಗ ಏಳಬೇಕಲ್ಲ ಎಂದು ಹೆದರುವವರಿಗೆ ಇದು ಸಮಾಧಾನದ ಸಂಗತಿ. ವರ್ಷದಲ್ಲೇ ಅತಿ ತಡವಾದ ಸೂರ್ಯೋದಯ, ಅತಿ ಚೆಂದದ ಮಂಜು, ಎರಡೂ ನಮ್ಮಲ್ಲಿ ಒಂದೇ ತಿಂಗಳಿಗೆ ಬರುತ್ತವೆ.

ಇನ್ನೊಂದು ಮುಖ್ಯ ಮಾತು. ಛಾಯಾಗ್ರಹಣದ ಪುಸ್ತಕಗಳಲ್ಲಿ ಬೆಳಗಿನ ಮತ್ತು ಸಂಜೆಯ ಹೊಂಬಿಸಿಲನ್ನು ಒಂದೊಂದು ಗಂಟೆಯ ಹಬ್ಬದಂತೆ ವರ್ಣಿಸಿರುತ್ತಾರೆ. ಅವುಗಳಲ್ಲಿ ಹೆಚ್ಚಿನವು ಯೂರೋಪು, ಅಮೆರಿಕದಲ್ಲಿ ಬರೆದವು. ಲಂಡನ್ನಿನಲ್ಲಿ ಡಿಸೆಂಬರ್ 21ರ ಮಧ್ಯಾಹ್ನವೂ ಸೂರ್ಯ ದಿಗಂತದಿಂದ 15 ಡಿಗ್ರಿಯಷ್ಟೇ ಏರುತ್ತಾನೆ, ದಿನವೆಲ್ಲ ಓರೆಬಿಸಿಲು. ಅದೇ ದಿನ ಸುತ್ತೂರಿನಲ್ಲಿ ಸೂರ್ಯ 54 ಡಿಗ್ರಿ ಎತ್ತರಕ್ಕೆ ಹೋಗಿರುತ್ತಾನೆ. ನಮ್ಮಲ್ಲಿ ಸೂರ್ಯ ಓರೆಯಾಗಿ ತೆವಳುವುದಿಲ್ಲ, ನೆಟ್ಟಗೆ ಏರಿಬಿಡುತ್ತಾನೆ. ಹುಟ್ಟಿದ ಸುಮಾರು ಮುಕ್ಕಾಲು ಗಂಟೆಯಲ್ಲಿ 10 ಡಿಗ್ರಿ ಏರಿರುತ್ತಾನೆ. 10 ಡಿಗ್ರಿಯಲ್ಲಿ ತೆಂಗಿನ ಮರದ ನೆರಳು ಮರದ ಐದೂವರೆ ಪಟ್ಟು ಉದ್ದ, 20 ಡಿಗ್ರಿಯಲ್ಲಿ ಮೂರು ಪಟ್ಟಿಗಿಂತ ಕಡಿಮೆ, 45 ಡಿಗ್ರಿಗೆ ಮರದಷ್ಟೇ ಉದ್ದ. ಏಪ್ರಿಲ್ 22ರ ಆಸುಪಾಸಿನಲ್ಲೂ ಆಗಸ್ಟ್ 20ರ ಆಸುಪಾಸಿನಲ್ಲೂ ಮಧ್ಯಾಹ್ನದ ಸೂರ್ಯ ಸರಿಯಾಗಿ ನಡುನೆತ್ತಿಗೆ ಬರುತ್ತಾನೆ, ಆಗ ನೆಟ್ಟ ಕೋಲಿಗೂ ನೆರಳಿರುವುದಿಲ್ಲ. ಆದ್ದರಿಂದ ಸೂರ್ಯ ಹುಟ್ಟುವ ಹೊತ್ತಿಗೆ ಬಸ್ಸಿಳಿದರೆ ತಡವಾಯಿತು. ಅರ್ಧ ಗಂಟೆ ಮುಂಚೆಯೇ, ಮೂಡಣ ಬಿಳುಪಾಗುವಾಗಲೇ, ನಿಲ್ಲುವ ಜಾಗದಲ್ಲಿ ನಿಂತಿರಬೇಕು.

ಈಗ ದಿಕ್ಕು. ಸೂರ್ಯ ಕರಾರುವಾಕ್ಕಾಗಿ ಪೂರ್ವದಲ್ಲಿ ಹುಟ್ಟುವುದು ಮಾರ್ಚ್ 21 ಮತ್ತು ಸೆಪ್ಟೆಂಬರ್ 23ರ ಹತ್ತಿರದ ದಿನಗಳಲ್ಲಿ ಮಾತ್ರ. ಜೂನ್ ಕೊನೆಯ ಹೊತ್ತಿಗೆ ಸುಮಾರು 24 ಡಿಗ್ರಿ ಉತ್ತರಕ್ಕೆ ಸರಿದಿರುತ್ತಾನೆ, ಡಿಸೆಂಬರ್ ಕೊನೆಗೆ ಅಷ್ಟೇ ದಕ್ಷಿಣಕ್ಕೆ. ಒಟ್ಟು 48 ಡಿಗ್ರಿ. ಚಾಚಿದ ಕೈಯ ಒಂದು ಮುಷ್ಟಿ ಸುಮಾರು 10 ಡಿಗ್ರಿಗೆ ಸಮ, ಅಂದರೆ ದಿಗಂತದ ಮೇಲೆ ಐದು ಮುಷ್ಟಿಯಷ್ಟು ಅಗಲದಲ್ಲಿ ಸೂರ್ಯೋದಯದ ಜಾಗ ವರ್ಷವಿಡೀ ಓಡಾಡುತ್ತದೆ. ಜೂನ್‌ನಲ್ಲಿ ನೀರಿನ ಮೇಲೆ ಬಿದ್ದ ಬೆಳಕಿನ ದಾರಿ ಡಿಸೆಂಬರಿನಲ್ಲಿ ತೋಟದ ಹಿಂದಕ್ಕೆ ಹೋಗಿರಬಹುದು.

ಕಪಿಲೆಯ ವಿಷಯದಲ್ಲಿ ಇದಕ್ಕೊಂದು ಸೊಗಸಾದ ಹೊಂದಾಣಿಕೆಯಿದೆ. ನಂಜನಗೂಡಿನಿಂದ ತಿರುಮಕೂಡಲು ನರಸೀಪುರದ ಸಂಗಮದವರೆಗೆ ಹೊಳೆ ಎಷ್ಟೇ ಬಳುಕಿದರೂ ಅದರ ಒಟ್ಟು ನಡೆ ಪೂರ್ವದಿಂದ ಸ್ವಲ್ಪ ಉತ್ತರಕ್ಕೆ ವಾಲಿದ್ದು. ಜೂನ್ ಸೂರ್ಯೋದಯದ ದಿಕ್ಕೂ ಹೆಚ್ಚುಕಡಿಮೆ ಅದೇ. ಡಿಸೆಂಬರಿನಲ್ಲಿ ಸೂರ್ಯ ಮುಳುಗುವುದು ಅದರ ನೇರ ಎದುರು ದಿಕ್ಕಿನಲ್ಲಿ, ಹೊಳೆ ಬರುವ ಕಡೆಗೆ. ಎಂದರೆ ಬೇಸಿಗೆ ಕಳೆದ ಬೆಳಗುಗಳಲ್ಲಿ ಹರಿವಿನತ್ತ ಮುಖಮಾಡಿ ನೋಡಿ, ಚಳಿಗಾಲದ ಸಂಜೆಗಳಲ್ಲಿ ಹರಿವಿಗೆ ಎದುರು ಮುಖಮಾಡಿ ನೋಡಿ. ನೀವು ನಿಂತ ತಿರುವಿನಲ್ಲಿ ಹೊಳೆ ಎತ್ತ ಹೊರಳಿದೆ ಎಂಬುದನ್ನು ಫೋನಿನ ದಿಕ್ಸೂಚಿ ಹೇಳುತ್ತದೆ.

ಲೆಕ್ಕ ಇಲ್ಲಿಗೆ ಸಾಕು. ಬೆಳಕಿನ ಗುಣವನ್ನು ಕಲಿಯಬೇಕಾದರೆ ಗದ್ದೆಗೇ ಇಳಿಯಬೇಕು. ಕೊಯ್ಲು ಮುಗಿದ ಗದ್ದೆಯೊಂದರಲ್ಲಿ ಒಂಟಿ ಹುಲ್ಲಿನ ಮೆದೆ ಹುಡುಕಿ. ಬಿಸಿಲು ಬಿದ್ದ ಹದಿನೈದು ನಿಮಿಷಕ್ಕೆ ಸೂರ್ಯನಿಗೆ ಬೆನ್ನು ಕೊಟ್ಟು ಮೆದೆಯನ್ನು ನೋಡಿ. ಬಣ್ಣ ಹೊಳೆಯುತ್ತದೆ, ಆದರೆ ಮೆದೆ ಚಪ್ಪಟೆಯಾಗಿ ಕಾಣುತ್ತದೆ, ಗೋಡೆಗೆ ಅಂಟಿಸಿದ ಹಾಗೆ. ನಿಮ್ಮ ನೆರಳೂ ಚಿತ್ರದೊಳಗೆ ಬಂದು ಕೂರುತ್ತದೆ. ಮೆದೆಯನ್ನು ಕಾಲು ಸುತ್ತು ಬಳಸಿ, ಬೆಳಕು ಪಕ್ಕದಿಂದ ಬೀಳುವಲ್ಲಿ ನಿಲ್ಲಿ. ಈಗ ಒಂದು ಮಗ್ಗುಲು ಬೆಳಗಿದೆ, ಇನ್ನೊಂದು ನೆರಳಿನಲ್ಲಿದೆ. ಹುಲ್ಲಿನ ಎಳೆ ಎಳೆಯೂ ಎದ್ದಿದೆ, ಮೆದೆಗೆ ದುಂಡು ಬಂದಿದೆ, ಉಳಿದ ಕೂಳೆಗಳು ಗದ್ದೆಯುದ್ದಕ್ಕೂ ಸಾಲು ನೆರಳು ಚೆಲ್ಲಿವೆ. ಮತ್ತೆ ಕಾಲು ಸುತ್ತು ನಡೆದು ಸೂರ್ಯನಿಗೆ ಎದುರಾಗಿ. ಮೆದೆ ಕಪ್ಪಾಗಿ ಅಂಚಿಗೆ ಮಾತ್ರ ಬೆಳಕಿನ ಗೆರೆ ಉಳಿಯಿತು. ಇಬ್ಬನಿಯಿದ್ದರೆ ಅದು ಕಿಡಿಕಿಡಿಯಾಯಿತು.

ಈ ಮೂರನ್ನು ಮೆದೆಯ ಮೇಲೆ ಕಂಡವರು ಮುಂದೆ ಬೇರೆ ಬೇರೆ ವಸ್ತುಗಳಿಗೆ ಹಚ್ಚಿ ನೋಡಬೇಕು. ಭತ್ತದ ಎಳೆ ಪೈರಿಗೂ ಬಾಳೆ ಎಲೆಗೂ ಎದುರುಬೆಳಕು ಬಹಳ ಒಪ್ಪುತ್ತದೆ. ತೆಳುವಾದ ಎಲೆಯ ಮೂಲಕ ಬೆಳಕು ಹಾದು ಬರುವಾಗ ಹಸುರು ಹಳದಿಗೆ ತಿರುಗಿ ಒಳಗಿನಿಂದಲೇ ಉರಿಯುವ ಹಾಗಿರುತ್ತದೆ. ಸೂಲಂಗಿ ಬಿಟ್ಟ ಕಬ್ಬಿನ ಗದ್ದೆಯನ್ನು ಸಂಜೆ ಐದೂವರೆಗೆ ಪಶ್ಚಿಮಕ್ಕೆ ಮುಖಮಾಡಿ ನೋಡದವರು ಆ ಬೆಳೆಯನ್ನು ನೋಡಿಯೇ ಇಲ್ಲ ಎಂದು ನನಗನ್ನಿಸುತ್ತದೆ. ಕಲ್ಲು, ಉತ್ತ ಮಣ್ಣು, ಮರದ ತೊಗಟೆಗೆ ಪಕ್ಕದ ಬೆಳಕೇ ಬೇಕು. ಮಳೆಗಾಲದ ಮೋಡ ಮುಚ್ಚಿದ ದಿನವನ್ನೂ ಕಳೆದುಕೊಳ್ಳಬೇಡಿ. ನೆರಳಿಲ್ಲದ ಆ ಮೆತ್ತನೆ ಬೆಳಕಿನಲ್ಲಿ ತೋಟದ ಒಳಗಿನ ಹಸುರುಗಳೆಲ್ಲ ಬೇರೆ ಬೇರೆಯಾಗಿ ಕಾಣುತ್ತವೆ. ಬರಿಯ ಬಿಳಿ ಆಕಾಶವನ್ನು ಮಾತ್ರ ಚೌಕಟ್ಟಿನಿಂದ ಹೊರಗಿಡಿ.

ಸುತ್ತೂರಿನ ಬೆಳಕು ಬೆಳೆಯ ಜೊತೆಗೂ ನೀರಿನ ಜೊತೆಗೂ ಬದಲಾಗುತ್ತದೆ. 1974ರಲ್ಲಿ ಮುಗಿದ ಕಬಿನಿ ಅಣೆಕಟ್ಟು ತುಂಬುವುದು ವಯನಾಡಿನ ಮಳೆಯಿಂದ. ಮಳೆ ಚೆನ್ನಾಗಿ ಹಿಡಿದ ವರ್ಷ ಜುಲೈ-ಆಗಸ್ಟ್ ಹೊತ್ತಿಗೆ ನಾಲೆಗಳಿಗೆ ನೀರು ಬಂದು, ನಾಟಿಗೆ ಮುಂಚೆ ಗದ್ದೆಗಳಲ್ಲಿ ನೀರು ಕಟ್ಟುತ್ತಾರೆ. ಕೆಲವೇ ದಿನ ಇಡೀ ಬಯಲು ಆಕಾಶವನ್ನು ತೋರಿಸುತ್ತದೆ. ಇದೇ ಕಾಲದಲ್ಲಿ ಹೊಳೆಯ ನೀರು ಕೆಂಪು ಮಣ್ಣಿನ ಬಣ್ಣಕ್ಕೆ ತಿರುಗುವುದರಿಂದ ಅದರಲ್ಲಿ ಪ್ರತಿಬಿಂಬ ಹುಡುಕಬೇಡಿ, ಗದ್ದೆಯಲ್ಲಿ ಹುಡುಕಿ. ಹಿಂಗಾರು ಮಳೆ ಧೂಳನ್ನು ತೊಳೆದ ಮೇಲೆ, ಸ್ವಾತಿ ಮಳೆಯ ಹೊತ್ತಿನಲ್ಲಿ, ಗಾಳಿ ಅತ್ಯಂತ ತಿಳಿಯಾಗಿರುತ್ತದೆ. ದೂರದ ಬೆಟ್ಟಗಳ ಅಂಚು ಕಾಣುವ ದಿನಗಳು ಅವು. ಡಿಸೆಂಬರ್-ಜನವರಿಯಲ್ಲಿ ಮಂಜು. ಮಾರ್ಚ್‌ನಲ್ಲಿ ಬಯಲೆಲ್ಲ ಬೂದು ಮಬ್ಬು, ಬಣ್ಣದ ಆಸೆ ಬಿಟ್ಟು ಕಪ್ಪು-ಬಿಳುಪಿನಲ್ಲಿ ತೆಗೆಯಿರಿ. ಏಪ್ರಿಲ್-ಮೇ ತಿಂಗಳ ಮಧ್ಯಾಹ್ನಗಳಲ್ಲಿ ಗುಡುಗಿನ ಮೋಡ ಗೋಪುರದಂತೆ ಏಳುತ್ತದೆ. ಮಳೆ ಹುಯ್ದು ಪಡುವಣ ಬಿಚ್ಚಿಕೊಂಡರೆ ಎಲ್ಲರೂ ಸೂರ್ಯನತ್ತ ತಿರುಗುತ್ತಾರೆ, ನೀವು ಪೂರ್ವಕ್ಕೆ ತಿರುಗಿ. ಕಪ್ಪು ಮೋಡದ ಮುಂದೆ ಬಿಸಿಲು ಬಿದ್ದ ತೆಂಗಿನ ಸಾಲು ಅಲ್ಲಿರುತ್ತದೆ, ಕಾಮನಬಿಲ್ಲೂ ಅಲ್ಲೇ ಮೂಡುವುದು. ಸೂರ್ಯ 42 ಡಿಗ್ರಿಗಿಂತ ಕೆಳಗಿದ್ದರೆ ಮಾತ್ರ ನೆಲದ ಮೇಲೆ ನಿಂತವರಿಗೆ ಬಿಲ್ಲು ಕಾಣುತ್ತದೆ. ಆದ್ದರಿಂದ ಬೆಳಿಗ್ಗೆ 9ರ ಒಳಗೆ, ಸಂಜೆ 4ರ ಮೇಲೆ ಕಾಯಿರಿ, ನಡುಹಗಲಿನಲ್ಲಿ ಕಾಯಬೇಡಿ.

ಇನ್ನು ನಿಲ್ಲುವ ಜಾಗ. ಬಯಲಿನಲ್ಲಿ ದಿಗಂತದ ಗೆರೆ ಉದ್ದಕ್ಕೂ ಕಾಣುವುದರಿಂದ ಅದು ಒಂದು ಎಳೆ ವಾಲಿದರೂ ಕಣ್ಣಿಗೆ ಕುಟುಕುತ್ತದೆ, ಹೊಳೆಯ ನೀರು ಒಂದು ಕಡೆಗೆ ಚೆಲ್ಲಿಹೋಗುವಂತಿರುತ್ತದೆ. ಫೋನಿನ ಸೆಟ್ಟಿಂಗ್‌ನಲ್ಲಿ ಅಡ್ಡ-ಉದ್ದ ಗೆರೆಗಳನ್ನು ಹಾಕಿಕೊಳ್ಳಿ. ಆ ಗೆರೆಗಳು ಚೌಕಟ್ಟನ್ನು ಮೂರು ಮೂರು ಭಾಗ ಮಾಡುತ್ತವೆ. ದಿಗಂತವನ್ನು ಮೇಲಿನ ಅಥವಾ ಕೆಳಗಿನ ಗೆರೆಗೆ ತನ್ನಿ ಎಂಬ ನಿಯಮ ಎಲ್ಲೆಡೆ ಕೇಳುತ್ತೀರಿ. ಆರಂಭಕ್ಕೆ ಅದು ಪರವಾಗಿಲ್ಲ, ಆದರೆ ಅದಕ್ಕಿಂತ ಉಪಯೋಗದ ಪ್ರಶ್ನೆ ಬೇರೆಯಿದೆ. ಈ ಹೊತ್ತು ನೆಲ ಹೆಚ್ಚು ಹೇಳುತ್ತಿದೆಯೋ, ಆಕಾಶವೋ? ಗುಡುಗಿನ ಮೋಡ ಎದ್ದ ದಿನ ನೆಲಕ್ಕೆ ಐದನೆಯ ಒಂದು ಭಾಗ ಕೊಟ್ಟರೂ ಸಾಕು. ನಾಟಿ ಮಾಡಿದ ಗದ್ದೆಯ ಸಾಲುಗಳು ಮುಖ್ಯವಾದರೆ ಆಕಾಶ ಬರಿಯ ಪಟ್ಟಿಯಾಗಲಿ. ಗಾಳಿಯಿಲ್ಲದ ನೀರಿನಲ್ಲಿ ತೆಂಗಿನ ಸಾಲು ತಲೆಕೆಳಗಾಗಿ ಪೂರ್ತಿ ಬಿದ್ದಿದ್ದರೆ ದಿಗಂತವನ್ನು ನಡುಮಧ್ಯಕ್ಕೇ ಇಡಿ, ಹಿಂಜರಿಯಬೇಡಿ.

ಹೊಸಬರ ಚಿತ್ರಗಳಲ್ಲಿ ನಾನು ಕಾಣುವ ಒಂದೇ ದೊಡ್ಡ ಕೊರತೆ, ಎಲ್ಲವೂ ದೂರದಲ್ಲಿರುವುದು. ಹೊಳೆ ಅಲ್ಲಿ, ಮರ ಅಲ್ಲಿ, ಸೂರ್ಯ ಅಲ್ಲಿ. ನೋಡುವವರ ಕಾಲಬುಡದಲ್ಲಿ ಏನೂ ಇಲ್ಲ. ಬಯಲಿನ ಚಿತ್ರಕ್ಕೆ ಆಳ ಬರುವುದು ಹತ್ತಿರದ ವಸ್ತುವಿನಿಂದ. ಇಬ್ಬನಿ ಹೊತ್ತ ಗರಿಕೆ, ದಡಕ್ಕೆ ಎಳೆದಿಟ್ಟ ಹರಿಗೋಲು, ಸೋಪಾನದ ಸವೆದ ಕಲ್ಲು, ಏನಾದರೂ ಆದೀತು. ಮಂಡಿಯೂರಿ ಕುಳಿತು ಅದಕ್ಕೆ ಹತ್ತಿರವಾಗಿ, ಅದರಾಚೆ ನೀರು, ಅದರಾಚೆ ಮರ ಬರುವಂತೆ ನೋಡಿಕೊಳ್ಳಿ. ಕ್ಯಾಮೆರಾ ಕೆಳಗಿಳಿಸಿದರೆ ನೀರಿನ ಪ್ರತಿಬಿಂಬವೂ ಹೆಚ್ಚು ಗಾಢವಾಗುತ್ತದೆ. ದಿಟ್ಟಿ ನೀರಿನ ಮೈಗೆ ಓರೆಯಾದಷ್ಟೂ ನೀರು ಹೆಚ್ಚು ಬೆಳಕನ್ನು ತಿರುಗಿಸಿ ಕಳಿಸುತ್ತದೆ. ಕೆಲವೊಮ್ಮೆ ಇದಕ್ಕೆ ತದ್ವಿರುದ್ಧವಾಗಿ ಎತ್ತರ ಬೇಕಾಗುತ್ತದೆ. ನೆಲದಲ್ಲಿ ನಿಂತಾಗ ಒಂದರ ಮೇಲೊಂದು ಬಿದ್ದ ಬದುಗಳು ನಾಲೆಯ ಏರಿ ಹತ್ತಿದರೆ ಬಿಡಿಬಿಡಿಯಾಗಿ, ಕಣ್ಣನ್ನು ಒಳಕ್ಕೆ ಕರೆದೊಯ್ಯುವ ಗೆರೆಗಳಾಗುತ್ತವೆ.

ಸೇರಿಸುವುದಕ್ಕಿಂತ ತೆಗೆಯುವ ಕೆಲಸ ದೊಡ್ಡದು. ಅಕ್ಕಿಯಲ್ಲಿ ಕಲ್ಲು ಆರಿಸುವ ಹಾಗೆ ಚೌಕಟ್ಟಿನ ನಾಲ್ಕು ಅಂಚನ್ನೂ ಒಮ್ಮೆ ಕಣ್ಣಾಡಿಸಿ ನೋಡಬೇಕು. ನಮ್ಮ ಬಯಲಿನಲ್ಲಿ ಬೇಡದ್ದು ಎಂದರೆ ಬಹುಪಾಲು ವಿದ್ಯುತ್ ತಂತಿ, ಮೊಬೈಲ್ ಗೋಪುರ, ಪ್ಲಾಸ್ಟಿಕ್ ಚೀಲ. ಪ್ಲಾಸ್ಟಿಕ್ಕನ್ನು ಎತ್ತಿಕೊಂಡು ಬನ್ನಿ. ತಂತಿಯನ್ನು ಎರಡು ಹೆಜ್ಜೆ ಪಕ್ಕಕ್ಕೆ ಸರಿದು ಮರದ ತಲೆಯ ಹಿಂದೆ ಅಡಗಿಸಬಹುದೇ ನೋಡಿ. ಆಗದಿದ್ದರೆ ಇರಲಿ ಬಿಡಿ. ಪಂಪ್‌ಸೆಟ್ಟಿನ ತಂತಿಯೂ ಈ ಬಯಲಿನ ಬದುಕಿನದೇ. ಕಂಪ್ಯೂಟರಿನಲ್ಲಿ ಅಳಿಸಿ ಇಲ್ಲದ ಊರೊಂದನ್ನು ಕಟ್ಟುವುದು ನನಗೆ ಒಪ್ಪಿಗೆಯಿಲ್ಲ. ಎರಡು ಮರ ಒಂದರ ಹಿಂದೊಂದು ಬಿದ್ದು ಗೋಜಲಾಗಿದ್ದರೆ ನಡುವೆ ಒಂದಿಷ್ಟು ಆಕಾಶ ಕಾಣುವವರೆಗೆ ಸರಿಯಿರಿ. ಝೂಮ್ ಮಾಡಿದರೆ ಮರಗಳ ನಡುವಿನ ಈ ಸಂಬಂಧ ಬದಲಾಗುವುದಿಲ್ಲ, ಕಾಲು ಸರಿದರೆ ಮಾತ್ರ ಬದಲಾಗುತ್ತದೆ.

ಎಕ್ಸ್‌ಪೋಷರ್ (ಬೆಳಕಿನ ಅಳತೆ) ಬಗ್ಗೆ ಸದ್ಯಕ್ಕೆ ಇಷ್ಟು ತಿಳಿದರೆ ಸಾಕು. ನಮ್ಮ ಕಣ್ಣು ನೋಡುವಷ್ಟು ಬೆಳಕು-ನೆರಳಿನ ಅಂತರವನ್ನು ಕ್ಯಾಮೆರಾ ಒಂದೇ ಸಲಕ್ಕೆ ಹಿಡಿಯಲಾರದು. ಪೂರ್ತಿ ಬಿಳಿಯಾಗಿ ಸುಟ್ಟುಹೋದ ಮೋಡದಲ್ಲಿ ಮತ್ತೆ ವಿವರ ತರಲಾಗುವುದಿಲ್ಲ, ಕತ್ತಲಾದ ನೆಲದಲ್ಲಿ ಒಂದಿಷ್ಟು ತರಬಹುದು. ಹಾಗಾಗಿ ಬೆಳಗಿದ ಭಾಗದ ಮೇಲೆ ಬೆರಳೊತ್ತಿ ಹಿಡಿದು ಅಳತೆಯನ್ನು ಗಟ್ಟಿಮಾಡಿ, ನಂತರ ಬೆರಳನ್ನು ಕೆಳಗೆ ಜಾರಿಸಿ ಸ್ವಲ್ಪ ಕಪ್ಪಾಗಿಸಿ. ಮಂಜಿನ ದಿನ ಮಾತ್ರ ಇದಕ್ಕೆ ವಿರುದ್ಧ. ಕ್ಯಾಮೆರಾ ಬಿಳಿ ಮಂಜನ್ನು ಬೂದು ಮಾಡಿಬಿಡುತ್ತದೆ, ಬೆರಳನ್ನು ಮೇಲಕ್ಕೆ ಜಾರಿಸಿ.

ಮಂಜಿನಲ್ಲಿ ಏನನ್ನು ನೋಡಬೇಕು ಎಂದು ತಿಳಿಯದವರು ಬೆಂಗಳೂರಿನ ಕಸ್ತೂರಬಾ ರಸ್ತೆಯ ವೆಂಕಟಪ್ಪ ಚಿತ್ರಶಾಲೆಗೆ ಒಮ್ಮೆ ಹೋಗಬೇಕು. ಮೈಸೂರಿನಲ್ಲಿ ಬೆಳೆದ ಕೆ. ವೆಂಕಟಪ್ಪ (1886–1965) ಊಟಿ, ಕೊಡೈಕನಾಲ್‌ಗಳ ಮೋಡ, ಕಣಿವೆ, ಬೆಳಕನ್ನು ಜಲವರ್ಣದಲ್ಲಿ ಬರೆದವರು. ಹತ್ತಿರದ ಮರಕ್ಕೆ ಗಾಢ ಬಣ್ಣ, ಅದರ ಹಿಂದಿನದಕ್ಕೆ ತೆಳು, ಅದರಾಚೆಯದಕ್ಕೆ ಇನ್ನೂ ತೆಳು ಎಂಬ ಕ್ರಮ ದೂರವನ್ನು ಹೇಗೆ ಕಟ್ಟುತ್ತದೆ ಎಂದು ಅಲ್ಲಿ ನಿಧಾನವಾಗಿ ನೋಡಿ. ಜನವರಿಯ ಕಪಿಲೆಯ ದಂಡೆಯಲ್ಲಿ ತೆಂಗಿನ ಸಾಲುಗಳು ಅದೇ ಕ್ರಮದಲ್ಲಿ ಮಸುಕಾಗುತ್ತಾ ಹೋಗುವುದು ನಿಮಗೆ ತಾನಾಗಿ ಕಾಣತೊಡಗುತ್ತದೆ.

ಜಾತ್ರೆಯ ಮಾತನ್ನೂ ಹೇಳಬೇಕು. ಸುತ್ತೂರು ಜಾತ್ರೆ ಪುಷ್ಯ ಬಹುಳ ದ್ವಾದಶಿಯಿಂದ ಮಾಘ ಶುದ್ಧ ಬಿದಿಗೆಯವರೆಗೆ. 2025ರಲ್ಲಿ ಅದು ಜನವರಿ 26ರಿಂದ 31. ತಿಥಿಯನ್ನು ಛಾಯಾಗ್ರಾಹಕರ ಕಣ್ಣಿನಿಂದ ಓದಿ. ಜಾತ್ರೆಯ ನಡುವೆ ಅಮಾವಾಸ್ಯೆ ಬರುತ್ತದೆ. ಮೊದಲೆರಡು ದಿನ ನಸುಕಿನಲ್ಲಿ ಪೂರ್ವಕ್ಕೆ ಸವೆದ ಚಂದ್ರನ ಎಳೆ, ಕೊನೆಯ ದಿನ ಸಂಜೆ ಸೂರ್ಯ ಮುಳುಗಿದ ಮೇಲೆ ಪಶ್ಚಿಮಕ್ಕೆ ಬಿದಿಗೆ ಚಂದ್ರ. ನಡುವಿನ ರಾತ್ರಿಗಳಲ್ಲಿ ಬೆಳದಿಂಗಳೇ ಇಲ್ಲ. ತೆಪ್ಪೋತ್ಸವದ ದೀಪಗಳು ನೀರಿನಲ್ಲಿ ಅಷ್ಟು ಚೆನ್ನಾಗಿ ಬೀಳಲು ಆ ಕತ್ತಲೆ ಬೇಕು. ಆದರೆ ಪೂರ್ತಿ ಕತ್ತಲಾದ ಮೇಲೆ ದೀಪ ಬಿಟ್ಟು ಮತ್ತೇನೂ ಉಳಿಯದು. ಸೂರ್ಯ ಮುಳುಗಿ ಸುಮಾರು ಇಪ್ಪತ್ತು ನಿಮಿಷಕ್ಕೆ ಆಕಾಶದ ನೀಲಿಯೂ ದೀಪದ ಹಳದಿಯೂ ಸಮಕ್ಕೆ ಬರುತ್ತವೆ. ಹೊಳೆ, ಜನ, ಮಠದ ದೀಪಾಲಂಕಾರ ಎಲ್ಲವನ್ನೂ ಒಂದೇ ಚೌಕಟ್ಟಿನಲ್ಲಿ ಹಿಡಿಯುವ ಹೊತ್ತು ಅದು. ನಮ್ಮಲ್ಲಿ ಮುಸ್ಸಂಜೆ ಬೇಗ ಮುಗಿಯುವುದರಿಂದ ಆ ಸಮತೂಕ ಹತ್ತು ನಿಮಿಷ ನಿಂತರೆ ಹೆಚ್ಚು. ಫೋನನ್ನು ಗೋಡೆಗೋ ಕಂಬಕ್ಕೋ ಒರಗಿಸಿ ಅಲುಗದಂತೆ ಹಿಡಿಯಿರಿ.

ನಿಸರ್ಗಚಿತ್ರದಲ್ಲಿ ಮನುಷ್ಯರು ಬರಬಾರದೆಂದು ಕೆಲವರು ತಿಳಿದಿದ್ದಾರೆ. ನಾಟಿ ಹಾಕುವ ಕೈಗಳಿಲ್ಲದೆ ಈ ಗದ್ದೆಗಳೇ ಇಲ್ಲ. ಮೈಸೂರಿನವರೇ ಆದ ಛಾಯಾಗ್ರಾಹಕ ಟಿ. ಎಸ್. ಸತ್ಯನ್ (1923–2009) ಸಾಮಾನ್ಯ ಜನರ ಬದುಕನ್ನು ಎಷ್ಟು ಗೌರವದಿಂದ ಚಿತ್ರಿಸಿದರು ಎಂಬುದನ್ನು ಅವರ ಕಪ್ಪು-ಬಿಳುಪು ಚಿತ್ರಗಳಲ್ಲಿ ನೋಡಿ. ಬದುವಿನ ಮೇಲೆ ನಡೆಯುವ ಒಬ್ಬ ರೈತ ಬಯಲಿನ ಅಗಲವನ್ನು ಹೇಳಿಬಿಡುತ್ತಾನೆ. ಆ ರೈತ ಬೆಳಗಿದ ಜಾಗಕ್ಕೆ ಬರುವವರೆಗೆ ಕಾಯಿರಿ, ತಡೆದು ನಿಲ್ಲಿಸಬೇಡಿ. ಹತ್ತಿರದಿಂದ ತೆಗೆಯುವುದಾದರೆ ಮೊದಲು ಮಾತಾಡಿಸಿ, ಕೇಳಿ. ಗದ್ದೆಗೆ ಇಳಿಯುವಾಗಲೂ ಅಷ್ಟೇ, ಪೈರು ತುಳಿಯಬಾರದು. ಮಠದ ಒಳಗೆ ತೆಗೆಯಲು ಅನುಮತಿ ಕೇಳಿಕೊಳ್ಳಿ. ಮಳೆಗಾಲದಲ್ಲಿ ಸುತ್ತೂರಿನಲ್ಲಿ ಹನಿ ಬೀಳದಿದ್ದರೂ ಮೇಲಿನಿಂದ ನೀರು ಬಿಟ್ಟರೆ ಹೊಳೆ ಏರುತ್ತದೆ. ದಡದ ಬಂಡೆಗಳ ಮೇಲೆ ಟ್ರೈಪಾಡ್ ಹೂಡಿ ಚಿತ್ರದಲ್ಲಿ ಮೈಮರೆಯಬೇಡಿ.

ಕೊನೆಗೆ ಒಂದು ನೋಟ್‌ಪುಸ್ತಕ. ಅಮೆರಿಕದ ಛಾಯಾಗ್ರಾಹಕ ಆನ್ಸೆಲ್ ಆಡಮ್ಸ್ ಒಂದು ಸಂಜೆ ನ್ಯೂ ಮೆಕ್ಸಿಕೋದ ಹೆರ್ನಾಂಡೆಝ್ ಎಂಬ ಹಳ್ಳಿಯ ಮೇಲೆ ಚಂದ್ರ ಏರಿದ್ದನ್ನು ಕಂಡು ಅವಸರದಲ್ಲಿ ಕಾರು ನಿಲ್ಲಿಸಿದರು. ಬೆಳಕು ಅಳೆಯುವ ಮೀಟರ್ ಕೈಗೆ ಸಿಗಲಿಲ್ಲ. ಚಂದ್ರನ ಬೆಳಕಿನ ಪ್ರಮಾಣ ನೆನಪಿನಲ್ಲಿದ್ದುದರಿಂದ ಲೆಕ್ಕ ಹಾಕಿ ತೆಗೆದ ಆ ಚಿತ್ರ ಜಗತ್ತಿಗೇ ಹೆಸರಾಯಿತು. ಆದರೆ ದಿನಾಂಕ ಬರೆದಿಟ್ಟಿರಲಿಲ್ಲ. ಬೇರೆ ಬೇರೆ ಕಡೆ ಬೇರೆ ಬೇರೆ ಇಸವಿ ಅಚ್ಚಾಗಿ, ದಶಕಗಳ ನಂತರ ಖಗೋಳದ ಲೆಕ್ಕ ಬಲ್ಲವರು ಚಿತ್ರದಲ್ಲಿನ ಚಂದ್ರನ ಸ್ಥಾನದಿಂದಲೇ ಅದು 1941ರ ನವೆಂಬರ್ 1 ಎಂದು ಕಂಡುಹಿಡಿದರು. ನಿಮ್ಮ ಫೋನು ದಿನಾಂಕ, ಗಂಟೆಗಳನ್ನು ತಾನೇ ಬರೆದುಕೊಳ್ಳುತ್ತದೆ. ಮುಖ ಯಾವ ದಿಕ್ಕಿಗಿತ್ತು, ಗಾಳಿ ಎಷ್ಟಿತ್ತು, ಗದ್ದೆಯಲ್ಲಿ ಬೆಳೆ ಯಾವ ಹಂತದಲ್ಲಿತ್ತು, ನೀರಿನ ಬಣ್ಣ ಏನು, ಇವನ್ನು ನೀವು ಬರೆಯಿರಿ. ಚೆನ್ನಾಗಿ ಬಾರದ ಚಿತ್ರಕ್ಕೂ ಬರೆಯಿರಿ. ತಿಂಗಳಿಗೊಮ್ಮೆ ಅದೇ ಬದುವಿಗೆ ಹೋಗುವಾಗ ಹಳೆಯ ಪುಟ ನೋಡಿಕೊಂಡು, ಈ ಸಲ ಸೂರ್ಯ ಎಷ್ಟು ಮುಷ್ಟಿ ಸರಿದಿರುತ್ತಾನೆಂದು ಮೊದಲೇ ಊಹಿಸಿ ಹೊರಡಿ.